ಕೋರ್ಟಿನ ಪಟ್ಟಿಯ ಪಕ್ಕದಲ್ಲಿ ಸ್ಕೋರಿನ ಪಟ್ಟಿ: ಹಳೆಯ ಬ್ಯಾರಿಸ್ಟರ್ ಒಬ್ಬರ ಬದುಕನ್ನು ಬರೆಯುವುದು ಹೇಗೆ

ವಸಾಹತು ಕಾಲದ ಬ್ಯಾರಿಸ್ಟರ್ ಒಬ್ಬರ ಬದುಕನ್ನು ಬರೆಯಲು ಹೊರಟವರು ಹುಟ್ಟು, ಓದು, ವಕೀಲಿಕೆ, ರಾಜಕೀಯ, ಬಿರುದು ಎಲ್ಲವನ್ನೂ ಬರೆದು ಮುಗಿಸಿ, ಕೊನೆಯಲ್ಲಿ ‘ಇವರು ಕ್ರಿಕೆಟ್ ಪ್ರೇಮಿಯೂ ಆಗಿದ್ದರು’ ಎಂಬ ಒಂದು ಸಾಲನ್ನು ಸೇರಿಸುತ್ತಾರೆ. ಆ ಸಾಲಿನ ಜಾಗ ಅದಲ್ಲ. ಹತ್ತೊಂಬತ್ತನೆಯ ಶತಮಾನದ ಯುವ ವಕೀಲನಿಗೆ ಮೈದಾನದಲ್ಲಿಯೇ ಸ್ನೇಹಿತರು ಸಿಗುತ್ತಿದ್ದರು, ದೊಡ್ಡವರ ಪರಿಚಯವಾಗುತ್ತಿತ್ತು, ಊರಿಗೆ ಹೆಸರು ಗೊತ್ತಾಗುತ್ತಿತ್ತು, ಕೆಲವೊಮ್ಮೆ ಮದುವೆಯ ಮಾತುಕತೆಯೂ ಅಲ್ಲಿಂದಲೇ ಶುರುವಾಗುತ್ತಿತ್ತು. ಕೋರ್ಟಿನ ದಾಖಲೆಯನ್ನೂ ಆಟದ ದಾಖಲೆಯನ್ನೂ ಒಂದೇ ಮೇಜಿನ ಮೇಲೆ ಹರಡಿಕೊಂಡು, ತಾರೀಖಿಗೆ ತಾರೀಖು ತಾಳೆ ನೋಡಿದರೆ ಮಾತ್ರ ಮನುಷ್ಯ ಇಡಿಯಾಗಿ ಕಾಣಿಸುತ್ತಾನೆ. ಅದನ್ನು ಹೇಗೆ ಮಾಡಬೇಕು ಎಂಬುದನ್ನು ಇಲ್ಲಿ ಬರೆಯುತ್ತಿದ್ದೇನೆ.

ನಾನು ಧಾರವಾಡದಲ್ಲಿ ನ್ಯಾಯಾಲಯದ ನೌಕರಿ ಮಾಡಿ ಶಿರಸ್ತೇದಾರನಾಗಿ ನಿವೃತ್ತನಾದವನು. ವಕೀಲರಿಗೂ ಕೋರ್ಟಿನ ಸಿಬ್ಬಂದಿಗೂ ವರ್ಷಕ್ಕೊಮ್ಮೆ ನಡೆಯುತ್ತಿದ್ದ ಪಂದ್ಯದಲ್ಲಿ ಸ್ಕೋರ್ ಬರೆಯುವ ಕೆಲಸ ಯಾವಾಗಲೂ ನನ್ನ ಪಾಲಿಗೆ ಬರುತ್ತಿತ್ತು. ಈಗ ವರ್ಷದಲ್ಲಿ ಕೆಲವು ತಿಂಗಳು ಸಿಡ್ನಿಯ ಪರಮಟ್ಟಾದಲ್ಲಿ ಮಗಳ ಮನೆಯಲ್ಲಿರುತ್ತೇನೆ. ಅಲ್ಲಿ ಕುಳಿತು ನಾನು ಜಾಡು ಹಿಡಿದದ್ದು ಎಡ್ಮಂಡ್ ಬಾರ್ಟನ್ ಅವರದು. ಆಸ್ಟ್ರೇಲಿಯಾದ ಮೊದಲ ಪ್ರಧಾನಮಂತ್ರಿ ಎಂದು ಜಗತ್ತು ಅವರನ್ನು ಬಲ್ಲದು. ಅದಕ್ಕೆ ಎಷ್ಟೋ ವರ್ಷ ಮೊದಲು ಅವರು ಸಿಡ್ನಿಯ ಬ್ಯಾರಿಸ್ಟರ್. ಅದಕ್ಕೂ ಮೊದಲು ವಿಶ್ವವಿದ್ಯಾಲಯದ ತಂಡದ ಆಟಗಾರ. ಅವರನ್ನೇ ಉದಾಹರಣೆಯಾಗಿ ಇಟ್ಟುಕೊಳ್ಳುತ್ತೇನೆ. ನೀವು ಆರಿಸಿಕೊಂಡವರು ಬೇರೆ ಊರಿನವರಾದರೂ ಕ್ರಮ ಇದೇ.

ಮೊದಲು ತಾರೀಖುಗಳು

ಒಂದು ದಪ್ಪ ನೋಟ್‌ಬುಕ್ ತೆಗೆದುಕೊಳ್ಳಿ. ಎಡಪುಟ ಕೋರ್ಟಿಗೆ, ಬಲಪುಟ ಆಟಕ್ಕೆ. ಒಂದು ವರ್ಷಕ್ಕೆ ಎದುರುಬದುರು ಎರಡು ಪುಟ. ಎರಡು ಬೇರೆ ಬೇರೆ ದಾಖಲೆಗಳಲ್ಲಿ ಒಂದೇ ಆಗಿರುವ ತಾರೀಖನ್ನು ಪೆನ್ನಿನಲ್ಲಿ ಬರೆಯಿರಿ. ಒಂದೇ ಕಡೆ ಸಿಕ್ಕಿದ್ದನ್ನೂ ನಿಮ್ಮ ಊಹೆಯನ್ನೂ ಪೆನ್ಸಿಲ್‌ನಲ್ಲಿ ಬರೆಯಿರಿ. ಕಂಪ್ಯೂಟರ್‌ನಲ್ಲಿ ಬರೆಯುವವರು ಎರಡು ಬಣ್ಣ ಬಳಸಲಿ. ಈ ಪೆನ್ನು–ಪೆನ್ಸಿಲ್ ಶಿಸ್ತನ್ನು ಮೊದಲ ದಿನದಿಂದಲೇ ಇಟ್ಟುಕೊಳ್ಳದಿದ್ದರೆ, ನೂರು ಟಿಪ್ಪಣಿಗಳಾದ ಮೇಲೆ ಯಾವುದು ಸಾಕ್ಷ್ಯ ಯಾವುದು ನಂಬಿಕೆ ಎಂದು ಬೇರ್ಪಡಿಸಲು ಬರುವುದಿಲ್ಲ.

ಅಸ್ಥಿಪಂಜರಕ್ಕೆ ಬೇಕಾದಷ್ಟು ತಾರೀಖುಗಳು ಆಸ್ಟ್ರೇಲಿಯನ್ ಡಿಕ್ಷನರಿ ಆಫ್ ಬಯಾಗ್ರಫಿಯಲ್ಲಿ ಉಚಿತವಾಗಿ ಸಿಗುತ್ತವೆ. ಬಾರ್ಟನ್ ಹುಟ್ಟಿದ್ದು 1849ರ ಜನವರಿ 18ರಂದು, ಸಿಡ್ನಿಯ ಗ್ಲೀಬ್‌ನಲ್ಲಿ. ಸಿಡ್ನಿ ಗ್ರಾಮರ್ ಶಾಲೆಯಲ್ಲಿ ಓದುವಾಗ ರಿಚರ್ಡ್ ಓ'ಕಾನರ್ ಎಂಬ ಸಹಪಾಠಿಯ ಸ್ನೇಹವಾಯಿತು. ಸಿಡ್ನಿ ವಿಶ್ವವಿದ್ಯಾಲಯದಲ್ಲಿ ಪ್ರಾಚೀನ ಗ್ರೀಕ್ ಮತ್ತು ಲ್ಯಾಟಿನ್ ಓದಿ 1868ರಲ್ಲಿ ಪ್ರಥಮ ದರ್ಜೆಯಲ್ಲಿ ಬಿ.ಎ., 1870ರಲ್ಲಿ ಎಂ.ಎ. ಮುಗಿಸಿದರು. 1871ರ ಡಿಸೆಂಬರ್ 21ರಂದು ಬ್ಯಾರಿಸ್ಟರ್ ಆದರು. 1879ರಲ್ಲಿ ನ್ಯೂ ಸೌತ್ ವೇಲ್ಸ್ ಶಾಸನಸಭೆಗೆ ಆಯ್ಕೆಯಾದರು, 1883ರಲ್ಲಿ ಅದರ ಸಭಾಧ್ಯಕ್ಷರಾದರು. 1901ರಲ್ಲಿ ಪ್ರಧಾನಮಂತ್ರಿ. 1903ರಲ್ಲಿ ಆ ಹುದ್ದೆ ಬಿಟ್ಟು ಹೊಸದಾಗಿ ಸ್ಥಾಪನೆಯಾದ ಹೈಕೋರ್ಟಿನ ನ್ಯಾಯಾಧೀಶರಾದರು. ಆ ಪೀಠದ ಮೊದಲ ಮೂವರಲ್ಲಿ ಬಾರ್ಟನ್ ಒಬ್ಬರು, ಶಾಲೆಯ ಗೆಳೆಯ ಓ'ಕಾನರ್ ಇನ್ನೊಬ್ಬರು. 1920ರ ಜನವರಿ 7ರಂದು ಮೆಡ್ಲೋ ಬಾತ್ ಎಂಬ ಗುಡ್ಡದೂರಿನಲ್ಲಿ ತೀರಿಕೊಂಡರು.

ಇಷ್ಟಾದಾಗ ಎಡಪುಟ ತುಂಬಿರುತ್ತದೆ, ಬಲಪುಟ ಬರಿದಾಗಿರುತ್ತದೆ. ನಿಜವಾದ ಕೆಲಸ ಇಲ್ಲಿಂದ ಆರಂಭ.

ಎಂಥ ಬ್ಯಾರಿಸ್ಟರ್ ಎಂದು ಕೇಳಿಕೊಳ್ಳಿ

ಬ್ಯಾರಿಸ್ಟರ್ ಎಂದೊಡನೆ ನಮ್ಮ ಕಣ್ಣಿಗೆ ಲಂಡನ್ನಿಗೆ ಹಡಗು ಹತ್ತಿದ ಗಾಂಧಿ, ಜಿನ್ನಾ ಬರುತ್ತಾರೆ. ಎಲ್ಲ ವಸಾಹತುಗಳಲ್ಲಿಯೂ ಹಾಗಿರಲಿಲ್ಲ. ಬಾರ್ಟನ್ ಸಿಡ್ನಿಯಲ್ಲೇ ಓದಿ, ಮೊದಲು ಒಬ್ಬ ಸಾಲಿಸಿಟರ್ ಬಳಿ, ಆಮೇಲೆ ಒಬ್ಬ ಬ್ಯಾರಿಸ್ಟರ್ ಬಳಿ ಕೆಲಸ ಕಲಿತು, ಅಲ್ಲಿಯ ಸುಪ್ರೀಂ ಕೋರ್ಟಿನಲ್ಲೇ ಸನ್ನದು ಪಡೆದರು. ಅವರ ಅಣ್ಣ ಜಾರ್ಜ್ ಬರ್ನೆಟ್ ಬಾರ್ಟನ್ ಲಂಡನ್ನಿನ ಮಿಡಲ್ ಟೆಂಪಲ್‌ನಲ್ಲಿ ಬ್ಯಾರಿಸ್ಟರ್ ಆದವರು. ಒಂದೇ ಮನೆಯ ಇಬ್ಬರು, ದಾರಿಗಳು ಎರಡು. ನಿಮ್ಮವರು ಲಂಡನ್ನಿಗೆ ಹೋಗಿದ್ದರೆ ಅಲ್ಲಿಯ ನಾಲ್ಕು ‘ಇನ್’ಗಳ, ಅಂದರೆ ಮಿಡಲ್ ಟೆಂಪಲ್‌ನಂಥ ಬ್ಯಾರಿಸ್ಟರ್ ಸಂಘಗಳ, ಪ್ರವೇಶ ಪುಸ್ತಕಗಳಲ್ಲಿ ತಂದೆಯ ಹೆಸರು, ಊರು, ಸೇರಿದ ದಿನ ಸಿಗುತ್ತವೆ. ಹೋಗಿರದಿದ್ದರೆ ವಸಾಹತಿನ ಕೋರ್ಟಿನ ನೋಂದಣಿಯನ್ನು ನೋಡಬೇಕು. ಇದನ್ನು ತೀರ್ಮಾನಿಸಿಕೊಳ್ಳದೆ ಮುಂದೆ ಹೋಗಬೇಡಿ.

ಇನ್ನೊಂದು ವಿಷಯ. ಆ ಕಾಲದ ಸಿಡ್ನಿಯಲ್ಲಿ ಕಕ್ಷಿದಾರ ನೇರವಾಗಿ ಬ್ಯಾರಿಸ್ಟರ್ ಮನೆಗೆ ಹೋಗುವಂತಿರಲಿಲ್ಲ. ಕಕ್ಷಿದಾರನನ್ನು ನೋಡಿಕೊಳ್ಳುವುದು, ಕಾಗದಪತ್ರ ಸಿದ್ಧಪಡಿಸುವುದು ಸಾಲಿಸಿಟರ್ ಕೆಲಸ. ಅವರು ಬ್ರೀಫ್ ಕೊಟ್ಟರೆ, ಅಂದರೆ ಪ್ರಕರಣದ ಕಾಗದಪತ್ರ ಕೊಟ್ಟು ವಾದ ಒಪ್ಪಿಸಿದರೆ, ಬ್ಯಾರಿಸ್ಟರ್ ಕೋರ್ಟಿನಲ್ಲಿ ನಿಂತು ವಾದಿಸುತ್ತಿದ್ದರು. ಅಂದರೆ ಹೊಸ ಬ್ಯಾರಿಸ್ಟರ್‌ಗೆ ಅನ್ನ ಹುಟ್ಟಬೇಕಾದರೆ ಸಾಲಿಸಿಟರ್‌ಗಳಿಗೆ ಅವನ ಮುಖ ಗೊತ್ತಿರಬೇಕು. ಮುಖ ಗೊತ್ತಾಗುವ ಜಾಗಗಳು ಕ್ಲಬ್, ಊಟದ ಮೇಜು, ಮೈದಾನ. ಬಾರ್ಟನ್ ಬಗ್ಗೆ ಬರೆಯುವವರು ಕ್ರಿಕೆಟ್ಟನ್ನು ಹವ್ಯಾಸ ಎಂದು ಬದಿಗಿಟ್ಟಾಗ ನನಗೆ ಕಸಿವಿಸಿಯಾಗುವುದು ಇದಕ್ಕೇ. ಅದು ಅವರ ವೃತ್ತಿ ಬೆಳೆದ ನೆಲದ ಒಂದು ಭಾಗ.

ಶುಲ್ಕವನ್ನು ಬರೆಯುವಾಗ ಗಿನಿ ಲೆಕ್ಕ ತಿಳಿದಿರಲಿ: 12 ಪೆನ್ಸ್‌ಗೆ ಒಂದು ಶಿಲ್ಲಿಂಗ್, 20 ಶಿಲ್ಲಿಂಗಿಗೆ ಒಂದು ಪೌಂಡ್, ವಕೀಲರ ಗಿನಿ ಮಾತ್ರ 21 ಶಿಲ್ಲಿಂಗ್. ಎಲ್ಲಾದರೂ 21 ಎಂಬ ಅಂಕಿ ಕಂಡರೆ ಅಲ್ಲಿ ವಕೀಲರ ಕೈ ಇದೆ ಎಂದು ಅನುಮಾನಿಸಿ.

ಹಳೆಯ ಪತ್ರಿಕೆಯೊಳಗೆ

ಆಸ್ಟ್ರೇಲಿಯಾದ ರಾಷ್ಟ್ರೀಯ ಗ್ರಂಥಾಲಯ ನಡೆಸುವ ಟ್ರೋವ್ ಎಂಬ ತಾಣದಲ್ಲಿ ಆ ದೇಶದ ಹಳೆಯ ಪತ್ರಿಕೆಗಳ ಪುಟಗಳು ಚಿತ್ರವಾಗಿಯೂ ಅಕ್ಷರವಾಗಿಯೂ ಉಚಿತವಾಗಿ ಸಿಗುತ್ತವೆ. ಧಾರವಾಡದಲ್ಲಿ ಕುಳಿತೂ ನೋಡಬಹುದು. ನ್ಯೂಜಿಲೆಂಡ್‌ನವರನ್ನು ಹುಡುಕುವವರಿಗೆ ಪೇಪರ್ಸ್ ಪಾಸ್ಟ್ ಇದೆ.

ಹುಡುಕುವಾಗ ‘ಸರ್ ಎಡ್ಮಂಡ್ ಬಾರ್ಟನ್’ ಎಂದು ಟೈಪ್ ಮಾಡಿದರೆ ಮುದುಕರಾದ ಬಾರ್ಟನ್ ಮಾತ್ರ ಸಿಗುತ್ತಾರೆ. 1870ರ ಪತ್ರಿಕೆಗೆ ಅವರು ಬರೀ ‘ಮಿ. ಬಾರ್ಟನ್’ ಅಥವಾ ‘ಇ. ಬಾರ್ಟನ್’. ಆದ್ದರಿಂದ ಮೊದಲು ವರ್ಷವನ್ನು ಕಟ್ಟಿಹಾಕಿ, ಆಮೇಲೆ ಪತ್ರಿಕೆಯನ್ನು ಆರಿಸಿ, ಕೊನೆಗೆ ಅಡ್ಡಹೆಸರಿನ ಜೊತೆ ‘ವಿಶ್ವವಿದ್ಯಾಲಯ’, ‘ಕ್ರಿಕೆಟ್’, ಎದುರಾಳಿ ತಂಡದ ಊರು, ಇಂಥ ಒಂದೊಂದೇ ಇಂಗ್ಲಿಷ್ ಪದ ಸೇರಿಸುತ್ತ ಹೋಗಿ. ಯಂತ್ರ ಓದಿದ ಅಕ್ಷರಗಳನ್ನು ನಂಬಬೇಡಿ. ಹಳೆಯ ಮಸಿ ಹರಡಿದ ಕಡೆ ಯಂತ್ರಕ್ಕೆ 3 ಮತ್ತು 8ರ ವ್ಯತ್ಯಾಸ ತಿಳಿಯುವುದಿಲ್ಲ. ಸ್ಕೋರ್ ಪಟ್ಟಿಯಲ್ಲಿ ಅದು ದೊಡ್ಡ ಅನಾಹುತ. ಪುಟದ ಚಿತ್ರವನ್ನು ಹಿಗ್ಗಿಸಿ ನಿಮ್ಮ ಕಣ್ಣಿನಿಂದಲೇ ಓದಿ, ಬಿಡಿ ಸ್ಕೋರುಗಳನ್ನು ಕೂಡಿ ಒಟ್ಟು ಸರಿಹೋಗುತ್ತದೆಯೇ ನೋಡಿ. ತಪ್ಪು ಕಂಡರೆ ಅಲ್ಲೇ ತಿದ್ದುವ ಅವಕಾಶ ಟ್ರೋವ್‌ನಲ್ಲಿದೆ. ತಿದ್ದಿ ಬನ್ನಿ, ಮುಂದಿನವರಿಗೆ ಉಪಕಾರವಾಗುತ್ತದೆ.

ಕೋರ್ಟಿನ ಕಡೆಗೆ ಎರಡು ಅಂಕಣಗಳನ್ನು ಹುಡುಕಬೇಕು. ಒಂದು, ಆ ದಿನ ಯಾವ ಕೋರ್ಟಿನಲ್ಲಿ ಯಾವ ಪ್ರಕರಣ ಎಂಬ ಪಟ್ಟಿ. ಎರಡು, ಮರುದಿನದ ವರದಿ. ಯಾರ ಪರವಾಗಿ ಯಾವ ಬ್ಯಾರಿಸ್ಟರ್ ನಿಂತರು, ಅವರಿಗೆ ಬ್ರೀಫ್ ಕೊಟ್ಟ ಸಾಲಿಸಿಟರ್ ಯಾರು ಎಂಬುದು ಎರಡನೆಯದರಲ್ಲಿ ಇರುತ್ತದೆ. ಆ ಸಾಲಿಸಿಟರ್‌ಗಳ ಹೆಸರುಗಳನ್ನು ಬೇರೆ ಹಾಳೆಯಲ್ಲಿ ಪಟ್ಟಿ ಮಾಡಿ ಸ್ಕೋರ್ ಪಟ್ಟಿಯ ಹೆಸರುಗಳ ಪಕ್ಕದಲ್ಲಿಟ್ಟು ನೋಡಿ. ಒಂದೇ ಹೆಸರು ಎರಡೂ ಕಡೆ ಕಂಡಲ್ಲಿ ನಿಂತು ಯೋಚಿಸಿ. ಇಡೀ ಹುಡುಕಾಟದಲ್ಲಿ ನನಗೆ ಅತ್ಯಂತ ಖುಷಿ ಕೊಡುವ ಗಳಿಗೆ ಇದು.

ಅದೇ ಹೆಸರಿನ ಬೇರೆಯವರ ಬಗ್ಗೆ ಎಚ್ಚರ ತಪ್ಪಬಾರದು. ಅಣ್ಣ ಜಾರ್ಜ್ ಬರ್ನೆಟ್ ಬಾರ್ಟನ್ ವಕೀಲರೂ ಹೌದು, ಪತ್ರಕರ್ತರೂ ಹೌದು. ಅವರ ಹೆಸರು ಪತ್ರಿಕೆಗಳ ತುಂಬ ಇದೆ. ಇದಕ್ಕಿಂತ ಕಷ್ಟದ್ದು ಇನ್ನೊಂದು. ನಮ್ಮ ಎಡ್ಮಂಡ್ 1880ರಿಂದ 1882ರವರೆಗೆ ವೆಲಿಂಗ್ಟನ್ ಕ್ಷೇತ್ರದ ಶಾಸಕರು. ಈ ವೆಲಿಂಗ್ಟನ್ ನ್ಯೂ ಸೌತ್ ವೇಲ್ಸ್‌ನ ಒಳನಾಡಿನ ಊರು. ಅದಕ್ಕೆ ಸ್ವಲ್ಪ ಮುಂಚೆ, 1878ರಿಂದ 1879ರವರೆಗೆ, ನ್ಯೂಜಿಲೆಂಡ್‌ನ ವೆಲಿಂಗ್ಟನ್ ನಗರದ ಸಂಸತ್ ಸದಸ್ಯರಾಗಿದ್ದವರು ಜಾರ್ಜ್ ಎಲಿಯಟ್ ಬಾರ್ಟನ್, ಅವರೂ ಬ್ಯಾರಿಸ್ಟರ್, ಮುಖ್ಯ ನ್ಯಾಯಾಧೀಶರ ಜೊತೆ ಜಗಳವಾಗಿ ನ್ಯಾಯಾಂಗ ನಿಂದನೆಗೆ ಜೈಲು ಕಂಡವರು. ‘ವೆಲಿಂಗ್ಟನ್‌ನ ಸದಸ್ಯ, ಬ್ಯಾರಿಸ್ಟರ್ ಬಾರ್ಟನ್’ ಎಂಬ ವಿವರ ಇಬ್ಬರಿಗೂ ಒಪ್ಪುತ್ತದೆ! ವರ್ಷ ಮತ್ತು ಮೊದಲ ಹೆಸರಿನ ಅಕ್ಷರ, ಎರಡೂ ಕೂಡದಿದ್ದರೆ ಆ ಟಿಪ್ಪಣಿ ಪೆನ್ಸಿಲ್‌ನಲ್ಲೇ ಇರಲಿ.

ನ್ಯೂಕ್ಯಾಸಲ್ ಪ್ರವಾಸ

ಆಟದ ದಾಖಲೆ ಸಿಕ್ಕಾಗ ರನ್ನಿನ ಲೆಕ್ಕಕ್ಕಷ್ಟೇ ಕಣ್ಣು ಹಾಕಬೇಡಿ. ಬಾರ್ಟನ್ ದೊಡ್ಡ ಆಟಗಾರರಲ್ಲ. ಬ್ಯಾಟಿಂಗ್ ಪರವಾಗಿಲ್ಲ, ಫೀಲ್ಡಿಂಗ್ ಕಳಪೆ ಎಂಬುದೇ ಅವರ ಬಗ್ಗೆ ಉಳಿದು ಬಂದ ಅಭಿಪ್ರಾಯ. ಅವರನ್ನು ಎತ್ತಿ ಹಿಡಿಯಲು ಹೋಗಿ ಮಹಾನ್ ಆಟಗಾರ ಎಂದು ಬರೆದರೆ ಓದುಗರು ಉಳಿದದ್ದನ್ನೂ ನಂಬುವುದಿಲ್ಲ. ಆದರೆ 1870ರಲ್ಲಿ ಅವರು ವಿಶ್ವವಿದ್ಯಾಲಯದ ತಂಡದ ಜೊತೆ ನ್ಯೂಕ್ಯಾಸಲ್‌ಗೆ ಆಡಲು ಹೋದರು ಎಂಬ ಒಂದು ಸಾಲಿದೆಯಲ್ಲ, ಅದನ್ನು ಬಿಡಿಸಿ ನೋಡಿ.

ನ್ಯೂಕ್ಯಾಸಲ್ ಕಲ್ಲಿದ್ದಲ ಬಂದರು, ಸಿಡ್ನಿಯಿಂದ ಉತ್ತರಕ್ಕೆ ಸುಮಾರು 160 ಕಿಲೋಮೀಟರ್. ಇಂದು ರೈಲಿನಲ್ಲಿ ಕಿಟಕಿ ಪಕ್ಕ ಕುಳಿತು ಹೋಗಬಹುದು. 1870ರಲ್ಲಿ ಅದು ಸಾಧ್ಯವಿರಲಿಲ್ಲ; ಹಾಕ್ಸ್‌ಬರಿ ನದಿಯ ಮೇಲೆ ರೈಲು ಸೇತುವೆ ಆದದ್ದು 1889ರಲ್ಲಿ. ಅಂದರೆ ಅಂದು ಸಿಡ್ನಿಯಿಂದ ನ್ಯೂಕ್ಯಾಸಲ್‌ಗೆ ಜನ ಹೋಗುತ್ತಿದ್ದ ಸಾಮಾನ್ಯ ದಾರಿ ಕರಾವಳಿಯ ಉಗಿಹಡಗು. ಹಡಗು ಹತ್ತಿ ಹೋದವರು ಒಂದು ಮಧ್ಯಾಹ್ನ ಆಡಿ ಹಿಂದಿರುಗುವುದಿಲ್ಲ. ತಂಗುತ್ತಾರೆ, ಊರಿನವರ ಮನೆಗೆ ಊಟಕ್ಕೆ ಹೋಗುತ್ತಾರೆ, ಮಾತಾಡುತ್ತಾರೆ. ಬಾರ್ಟನ್ ಆ ಪ್ರವಾಸದಲ್ಲಿ ಜೇನ್ ಮೇಸನ್ ರಾಸ್ ಅವರನ್ನು ಕಂಡರು. 1877ರ ಡಿಸೆಂಬರ್ 28ರಂದು ನ್ಯೂಕ್ಯಾಸಲ್‌ನಲ್ಲೇ ಅವರಿಬ್ಬರ ಮದುವೆಯಾಯಿತು. ಈಗ ಎಡಪುಟ ತಿರುಗಿಸಿ ನೋಡಿ. ಭೇಟಿಯಾದಾಗ ಅವರು ಇನ್ನೂ ಬ್ಯಾರಿಸ್ಟರ್ ಅಲ್ಲ. ಬ್ಯಾರಿಸ್ಟರ್ ಆಗಿ ಆರು ವರ್ಷ ಕಳೆದ ಮೇಲೆ ಮದುವೆ. ಬ್ರೀಫ್ ನಿಧಾನವಾಗಿ ಬರುವ ಹೊಸ ವಕೀಲನ ಸ್ಥಿತಿ ಈ ಎರಡು ತಾರೀಖುಗಳ ನಡುವಿನ ಅಂತರದಲ್ಲಿ ಕಾಣುತ್ತದೆ. ಬರೆಯುವಾಗ ಎರಡು ತಾರೀಖನ್ನೂ ಅಕ್ಕಪಕ್ಕ ಇಡಿ, ಸಾಕು. ಕಡಲ ತೀರದ ಪ್ರಣಯವನ್ನು ನೀವು ಕಟ್ಟುವ ಅಗತ್ಯವಿಲ್ಲ.

ಇದನ್ನೇ ನಿಯಮ ಮಾಡಿಕೊಳ್ಳಿ: ಪ್ರತಿ ಪಂದ್ಯಕ್ಕೂ ಆ ವರ್ಷದ ನಕ್ಷೆ, ಆ ವರ್ಷದ ದಾರಿ, ಆ ವರ್ಷದ ಆಟದ ನಿಯಮ. ಇಂದಿನದನ್ನು ಹಿಂದಕ್ಕೆ ಒಯ್ಯಬಾರದು.

1879ರ ಫೆಬ್ರವರಿ 8

ಎಲ್ಲರ ಬದುಕಿನಲ್ಲೂ ಎಡಪುಟ ಬಲಪುಟ ಒಂದಾಗುವ ಒಂದು ದಿನ ಇರುತ್ತದೆಂದಲ್ಲ. ಬಾರ್ಟನ್ ಬದುಕಿನಲ್ಲಿ ಇದೆ. ಅಂಥ ದಿನ ಸಿಕ್ಕರೆ ಬೇರೆಲ್ಲಾ ಕಡೆ ಅವಸರ ಮಾಡಿ, ಇಲ್ಲಿ ಮಾತ್ರ ನಿಧಾನಿಸಿ.

ಲಾರ್ಡ್ ಹ್ಯಾರಿಸ್ ಅವರ ಇಂಗ್ಲಿಷ್ ತಂಡ ಸಿಡ್ನಿಯ ಅಸೋಸಿಯೇಷನ್ ಮೈದಾನದಲ್ಲಿ, ಅಂದರೆ ಇಂದಿನ ಸಿಡ್ನಿ ಕ್ರಿಕೆಟ್ ಗ್ರೌಂಡ್‌ನಲ್ಲಿ, ನ್ಯೂ ಸೌತ್ ವೇಲ್ಸ್ ವಿರುದ್ಧ ಆಡುತ್ತಿತ್ತು. ಇಬ್ಬರು ಅಂಪೈರ್‌ಗಳು. ಒಬ್ಬರು ಮೆಲ್ಬರ್ನ್‌ನಿಂದ ಇಂಗ್ಲಿಷರ ಜೊತೆ ಬಂದ ಜಾರ್ಜ್ ಕೋಲ್ತಾರ್ಡ್, 22 ವರ್ಷದ ಯುವಕ. ಇನ್ನೊಬ್ಬರು 30 ತುಂಬಿದ ಬ್ಯಾರಿಸ್ಟರ್ ಬಾರ್ಟನ್.

ಮೊದಲು ಸ್ಕೋರ್ ಪಟ್ಟಿ ಬರೆದುಕೊಳ್ಳಿ, ಕಥೆ ಆಮೇಲೆ. ಇಂಗ್ಲಿಷರು 267. ನ್ಯೂ ಸೌತ್ ವೇಲ್ಸ್ 177. ಆರಂಭಿಕ ಬಿಲ್ಲಿ ಮರ್ಡಾಕ್ ಕೊನೆಯವರೆಗೂ ಔಟಾಗದೆ 82. ಆತಿಥೇಯರು 90 ರನ್ ಹಿಂದೆ. ಇಲ್ಲಿ ಇಂದಿನ ಓದುಗರು ‘ಹ್ಯಾರಿಸ್ ಫಾಲೋ ಆನ್ ಹೇರಿದರು’ ಎಂದುಕೊಳ್ಳುತ್ತಾರೆ. ಆಗ ನಾಯಕನಿಗೆ ಆ ಆಯ್ಕೆಯೇ ಇರಲಿಲ್ಲ. 80 ರನ್ ಹಿಂದೆ ಬಿದ್ದ ತಂಡ ತಕ್ಷಣ ಮತ್ತೆ ಬ್ಯಾಟ್ ಮಾಡಲೇಬೇಕು ಎಂಬುದು ಆ ಕಾಲದ ನಿಯಮ. ದಣಿದ ಮರ್ಡಾಕ್ ಮತ್ತೆ ಬ್ಯಾಟ್ ಹಿಡಿದು ಬಂದದ್ದು ನಿಯಮದ ಬಲದಿಂದ, ಹ್ಯಾರಿಸ್ ಅವರ ಹಟದಿಂದ ಅಲ್ಲ. ಎರಡನೆಯ ಇನಿಂಗ್ಸ್‌ನಲ್ಲಿ ಮರ್ಡಾಕ್ 10 ರನ್ ಮಾಡಿದ್ದಾಗ, ಅವರು ರನ್ ಔಟ್ ಎಂದು ಕೋಲ್ತಾರ್ಡ್ ತೀರ್ಪು ಕೊಟ್ಟರು.

ಅಲ್ಲಿಗೆ ಸುಮಾರು 10,000 ಜನರ ತಾಳ್ಮೆ ಒಡೆಯಿತು. ಇದೇ ಕೋಲ್ತಾರ್ಡ್ ಹ್ಯಾರಿಸ್ ಬ್ಯಾಟ್ ಮಾಡುವಾಗ ಕ್ಯಾಚಿನ ಮನವಿಯನ್ನು ತಳ್ಳಿಹಾಕಿದ್ದರು. ಜನ ಅದನ್ನು ಮರೆತಿರಲಿಲ್ಲ. ಪೆವಿಲಿಯನ್‌ನಲ್ಲಿ ಬಾಜಿ ಕಟ್ಟಿದವರು ಕೂಗೆಬ್ಬಿಸಿದರು ಎಂಬ ಮಾತೂ ಇದೆ. ಗುಂಪು ಒಳನುಗ್ಗಿತು. ಹ್ಯಾರಿಸ್ ಅವರಿಗೆ ದೊಣ್ಣೆಯ ಏಟು ಬಿತ್ತು. ಹೊಡೆದವನನ್ನು ಹಾರ್ನ್‌ಬಿ ಎಂಬ ಆಟಗಾರ ಹಿಡಿದು ಪೆವಿಲಿಯನ್‌ಗೆ ಎಳೆದೊಯ್ದಾಗ ಅವರ ಅಂಗಿ ಹರಿಯಿತು. ನ್ಯೂ ಸೌತ್ ವೇಲ್ಸ್ ನಾಯಕ ಡೇವ್ ಗ್ರೆಗರಿ ಅಂಪೈರನ್ನು ಬದಲಿಸಿ ಎಂದರು. ಹ್ಯಾರಿಸ್ ಒಪ್ಪಲಿಲ್ಲ.

ಈಗ ಬಾರ್ಟನ್ ಅವರ ಕಡೆ ನೋಡಿ. ತೀರ್ಪು ಕೊಟ್ಟವರು ಅವರಲ್ಲ. ಸುಮ್ಮನಿದ್ದರೆ ಯಾರೂ ಅವರನ್ನು ಕೇಳುತ್ತಿರಲಿಲ್ಲ. ಅವರ ಊರಿನ ಜನ, ಅವರ ಊರಿನ ತಂಡ. ಔಟಾದ ಮರ್ಡಾಕ್ ಕೂಡ ಕಾನೂನಿನವರೇ, ಸಾಲಿಸಿಟರ್. ನಾಳೆ ಬ್ರೀಫ್ ಕೊಡಬೇಕಾದ ವರ್ಗಕ್ಕೆ ಸೇರಿದವರು. ಅಷ್ಟಿದ್ದರೂ ಬಾರ್ಟನ್ ತಮ್ಮ ಜೊತೆಗಾರ ಅಂಪೈರ್ ಕೊಟ್ಟ ತೀರ್ಪು ಸರಿ ಎಂದರು. ಆಟಗಾರರು ಬರದಿದ್ದರೆ ಪಂದ್ಯ ತಮಗೆ ಸಲ್ಲಬೇಕಲ್ಲವೇ ಎಂದು ಹ್ಯಾರಿಸ್ ಕೇಳಿದಾಗ, ಬ್ಯಾಟ್ಸ್‌ಮನ್‌ಗಳು ಹಿಂದಿರುಗದಿದ್ದರೆ ಎರಡು ನಿಮಿಷದಲ್ಲಿ ಪಂದ್ಯವನ್ನು ಇಂಗ್ಲಿಷರಿಗೆ ಕೊಡುವುದಾಗಿ ಹೇಳಿ, ಹೋಗಿ ಗ್ರೆಗರಿ ಜೊತೆ ಮಾತಾಡಿ ಆಟ ಮುಂದುವರಿಸಲು ಒಪ್ಪಿಸಿ ಬಂದರು. ಜನ ಮತ್ತೆ ನುಗ್ಗಿದ್ದರಿಂದ ಅಂದು ಆಟ ನಡೆಯಲಿಲ್ಲ. ಸೋಮವಾರ ನ್ಯೂ ಸೌತ್ ವೇಲ್ಸ್ 49ಕ್ಕೆ ಕುಸಿಯಿತು. ಇನಿಂಗ್ಸ್ ಮತ್ತು 41 ರನ್‌ಗಳ ಸೋಲು.

ಇದನ್ನೆಲ್ಲ ಯಾರ ಬಾಯಿಂದ ಕೇಳುತ್ತಿದ್ದೀರಿ ಎಂದು ಪ್ರತಿ ವಾಕ್ಯಕ್ಕೂ ಕೇಳಿಕೊಳ್ಳಿ. ಎರಡು ನಿಮಿಷದ ಮಾತು ಬಂದದ್ದು ಹ್ಯಾರಿಸ್ ಬರೆದ ಪತ್ರದಿಂದ. ಅದು ಲಂಡನ್ನಿನ ಪತ್ರಿಕೆಯಲ್ಲಿ ಅಚ್ಚಾಗಿ, ಸಿಡ್ನಿಗೆ ಹಿಂದಿರುಗಿ ಬಂದು, ಅಲ್ಲಿಯ ಕ್ರಿಕೆಟ್ ಸಂಸ್ಥೆ ಅದಕ್ಕೆ ಲಿಖಿತ ಉತ್ತರ ಕೊಟ್ಟಿತು. ಹ್ಯಾರಿಸ್ ಏಟು ತಿಂದ ಕಕ್ಷಿದಾರ. ಸಂಸ್ಥೆ ಮಾನ ಉಳಿಸಿಕೊಳ್ಳಬೇಕಾದ ಕಕ್ಷಿದಾರ. ಸೋಮವಾರದ ಸಿಡ್ನಿ ಪತ್ರಿಕೆಗಳು ಸ್ಥಳದಲ್ಲಿದ್ದ ಸಾಕ್ಷಿಗಳು, ಆದರೆ ಊರಿನ ಸಾಕ್ಷಿಗಳು. ಮೂರನ್ನೂ ಮೂರು ಬಣ್ಣದಲ್ಲಿ ಗುರುತಿಸಿ, ಮೂರೂ ಒಪ್ಪುವ ಸಂಗತಿಯನ್ನು ಮೊದಲು ಬರೆಯಿರಿ, ಒಬ್ಬರೇ ಹೇಳುವುದನ್ನು ‘ಹ್ಯಾರಿಸ್ ಪ್ರಕಾರ’ ಎಂದು ಬರೆಯಿರಿ. ಕೋರ್ಟಿನಲ್ಲಿ ಪಾಟೀಸವಾಲು ನಡೆಯುವಾಗ ಪಕ್ಕದಲ್ಲಿ ಕುಳಿತವರಿಗೆ ಇದು ಹೇಳಿಕೊಡಬೇಕಾದ ವಿದ್ಯೆಯಲ್ಲ.

ಕ್ರೀಡಾ ಪುಟದಲ್ಲೇ ನಿಲ್ಲದೆ ಪೊಲೀಸ್ ಕೋರ್ಟಿನ ಅಂಕಣಕ್ಕೂ ಹೋಗಿ. ಗಲಭೆಯಲ್ಲಿ ಭಾಗಿಯಾದ ಇಬ್ಬರು ತಪ್ಪೊಪ್ಪಿಕೊಂಡರು. ತಲಾ 40 ಶಿಲ್ಲಿಂಗ್ ದಂಡ, ಜೊತೆಗೆ ಕೋರ್ಟಿನ ಖರ್ಚು 5 ಶಿಲ್ಲಿಂಗ್, ವಕೀಲರ ವೆಚ್ಚ 21 ಶಿಲ್ಲಿಂಗ್. ನೋಡಿ, ಅದೇ ಗಿನಿ. ಒಂದು ರನ್ ಔಟ್ ತೀರ್ಪು ಹೀಗೆ ಬಲಪುಟದಿಂದ ಎಡಪುಟಕ್ಕೆ ದಾಟಿತು.

ಧಾರವಾಡದವನಾದ ನನಗೆ ಇನ್ನೊಂದು ಎಳೆ ಬಿಡದೆ ಕಾಡುತ್ತದೆ. ಸಿಡ್ನಿಯಲ್ಲಿ ದೊಣ್ಣೆ ಏಟು ತಿಂದ ಇದೇ ಹ್ಯಾರಿಸ್ 1890ರಿಂದ 1895ರವರೆಗೆ ಮುಂಬಯಿ ಪ್ರಾಂತದ ಗವರ್ನರ್. ಧಾರವಾಡ, ಬೆಳಗಾವಿ, ವಿಜಾಪುರ, ಉತ್ತರ ಕನ್ನಡ ಜಿಲ್ಲೆಗಳೆಲ್ಲ ಆಗ ಅವರ ಆಡಳಿತದಲ್ಲಿದ್ದವು. ನಮ್ಮ ಅಜ್ಜನ ಅಪ್ಪ ಕಂದಾಯ ಕಟ್ಟುತ್ತಿದ್ದ ಸರ್ಕಾರದ ಮುಖ್ಯಸ್ಥ ಅವರೇ. ಸಾಮ್ರಾಜ್ಯದ ಆಟಗಾರರನ್ನು ಹಿಂಬಾಲಿಸಿದರೆ ಇಂಥ ದಾರಿಗಳು ನಮ್ಮ ಮನೆ ಬಾಗಿಲಿಗೂ ಬರುತ್ತವೆ.

‘ಆಟದಿಂದಲೇ ಮೇಲೆ ಬಂದರು’ ಎಂದು ಬರೆಯುವ ಮೊದಲು

ಆ ಗಲಭೆಯ ದಿನ ಸಿಕ್ಕ ಹೆಸರಿನಿಂದ ಬಾರ್ಟನ್ ರಾಜಕೀಯಕ್ಕೆ ಬಂದರು ಎಂದು ಬಹಳ ಕಡೆ ಓದುತ್ತೀರಿ. ಫೆಬ್ರವರಿಯಲ್ಲಿ ಗಲಭೆ, ಅದೇ ವರ್ಷ ಶಾಸಕ, ಕೇಳಲು ಹಿತವಾಗಿದೆ. ನೋಟ್‌ಬುಕ್ ತೆಗೆದು ಹಿಂದಿನ ಪುಟಗಳನ್ನು ನೋಡಿ. 1876ರಲ್ಲಿಯೇ ಅವರು ಸಿಡ್ನಿ ವಿಶ್ವವಿದ್ಯಾಲಯದ ಕ್ಷೇತ್ರದಿಂದ ಸ್ಪರ್ಧಿಸಿ ವಿಂಡೆಯರ್ ಎಂಬವರ ಎದುರು 49ಕ್ಕೆ 43 ಮತಗಳಿಂದ ಸೋತಿದ್ದರು. 1877ರಲ್ಲಿ ಮತ್ತೆ ನಿಂತು ಮತ್ತೆ ಸೋತರು. ಗೆದ್ದದ್ದು 1879ರಲ್ಲಿ, ಅದೇ ಕ್ಷೇತ್ರದಿಂದ. ರಾಜಕೀಯದ ಹಂಬಲ ಗಲಭೆಗೆ ಮೊದಲೇ ಇತ್ತು. ಇನ್ನು ಮತದಾರರು ಯಾರು? ಆ ಕ್ಷೇತ್ರದಲ್ಲಿ ಮತ ಹಾಕುತ್ತಿದ್ದವರು ವಿಶ್ವವಿದ್ಯಾಲಯದ ಪದವೀಧರರು ಮತ್ತು ಅಧ್ಯಾಪಕರು, ನೂರರ ಆಸುಪಾಸಿನ ಮಂದಿ. ಬಾರ್ಟನ್ ಅವರನ್ನು ತಿಳಿಯಲು ಅವರಿಗೆ ಪತ್ರಿಕೆಯ ಶೀರ್ಷಿಕೆ ಬೇಕಿರಲಿಲ್ಲ. ಅವರಲ್ಲಿ ಅನೇಕರು ಬಾರ್ಟನ್ ಜೊತೆ ಓದಿದವರು, ಆಡಿದವರು.

ಹೀಗಾಗಿ ನಾನು ಬರೆಯುವುದು ಇಷ್ಟು: ಗಲಭೆ ಅವರ ಹೆಸರನ್ನು ಊರಿಗೆಲ್ಲ ತಲುಪಿಸಿತು; ಗೆಲುವಿನ ನೆಲವನ್ನು ಮಾತ್ರ ಅವರು ಅದಕ್ಕೂ ಮೊದಲು ಹಲವು ವರ್ಷ ಉತ್ತಿದ್ದರು. ನಿಮ್ಮ ಬ್ಯಾರಿಸ್ಟರ್ ಬಗ್ಗೆಯೂ ‘ಅದರಿಂದಲೇ ಇದಾಯಿತು’ ಎಂಬ ವಾಕ್ಯ ಬಂದಾಗಲೆಲ್ಲ ಕನಿಷ್ಠ ಮೂರು ವರ್ಷ ಹಿಂದಕ್ಕೆ ಹೋಗಿ ನೋಡಿ.

ಇನ್ನೊಂದನ್ನು ನಾವು ಭಾರತೀಯರು ಬಿಡುವಂತಿಲ್ಲ. ಗುಂಪಿನ ಎದುರು ನಿಯಮವನ್ನು ಎತ್ತಿ ಹಿಡಿದ ಇದೇ ಬಾರ್ಟನ್ ಪ್ರಧಾನಿಯಾದಾಗ 1901ರಲ್ಲಿ ವಲಸೆ ನಿರ್ಬಂಧ ಕಾಯ್ದೆ ಬಂತು. ಬಂದರಿನಲ್ಲಿ ಅಧಿಕಾರಿ ತನಗೆ ಬೇಕಾದ ಯಾವುದಾದರೂ ಯುರೋಪಿಯನ್ ಭಾಷೆಯಲ್ಲಿ 50 ಪದಗಳ ಉಕ್ತಲೇಖನ ಕೊಡಬಹುದು, ಬರೆಯಲಾಗದವನು ಹೊರಗೆ. ಯಾರನ್ನು ಬೇಡವೆಂದುಕೊಂಡರೋ ಅವರಿಗೆ ಬಾರದ ಭಾಷೆಯನ್ನೇ ಆರಿಸುವ ಅವಕಾಶವಿದ್ದ ಪರೀಕ್ಷೆ ಅದು. 1958ರವರೆಗೆ ಕಾನೂನಿನಲ್ಲಿ ಉಳಿಯಿತು. ಆ ಕಾಲದಲ್ಲಿ ನಾನು ಬಂದಿದ್ದರೆ ಮಗಳ ಮನೆಯ ಮೆಟ್ಟಿಲು ಹತ್ತುತ್ತಿರಲಿಲ್ಲ. ಇದನ್ನು ಬರೆಯುವಾಗ ನನಗೆ ಕೋಪ ಬರುತ್ತದೆ, ಅದನ್ನು ಮರೆಮಾಡುವುದಿಲ್ಲ. ಆದರೆ ಈ ಕೋಪದಿಂದ 1879ರ ಅಂಪೈರ್ ಸಣ್ಣವರಾಗಬಾರದು, ಅಂಪೈರ್ ಮೇಲಿನ ಮೆಚ್ಚುಗೆಯಿಂದ 1901ರ ಕಾಯ್ದೆ ಹಗುರಾಗಬಾರದು. ಎರಡಕ್ಕೂ ಸೇತುವೆ ಕಟ್ಟಿ ವಿವರಣೆ ಕೊಡಲು ಹೋಗಬೇಡಿ. ಎರಡನ್ನೂ ಅವುಗಳ ವರ್ಷದ ಪುಟದಲ್ಲಿ ಪೂರ್ತಿಯಾಗಿ ಬರೆಯಿರಿ.

ಬರೆಯಲು ಕುಳಿತಾಗ

ಹುಟ್ಟಿನಿಂದ ಆರಂಭಿಸಬೇಕೆಂಬ ಕಟ್ಟಳೆ ಇಲ್ಲ. ಎರಡೂ ಪುಟಗಳಲ್ಲಿ ಬರಹವಿರುವ ಒಂದು ವರ್ಷವನ್ನು ಆರಿಸಿ, ಅಲ್ಲಿಂದ ಹಿಂದಕ್ಕೂ ಮುಂದಕ್ಕೂ ಹೋಗಿ. ಹುದ್ದೆಗಳ ಸಾಲನ್ನು ಒಂದೇ ಕಂಡಿಕೆಯಲ್ಲಿ ಮುಗಿಸಿ. ಸ್ಕೋರುಗಳನ್ನು ಅಲಂಕಾರಕ್ಕೆ ಹಾಕಬೇಡಿ. ಅಂಕಿಯೊಂದು ಏನನ್ನಾದರೂ ವಿವರಿಸಿದರೆ ಮಾತ್ರ ಇರಲಿ. ಮೇಲಿನ 90 ರನ್‌ಗಳ ಅಂತರ ಇರಲೇಬೇಕು, ಏಕೆಂದರೆ ಫಾಲೋ ಆನ್ ಅದರಿಂದ ಬಂತು. ಹ್ಯಾರಿಸ್ ತಂಡದ ಹನ್ನೊಂದು ಜನರ ಪಟ್ಟಿ ಬೇಡ; ಅವರಲ್ಲಿ ಯೂಲಿಯೆಟ್, ಎಮೆಟ್ ಇಬ್ಬರೇ ಹಣ ಪಡೆದು ಆಡುವವರು, ಉಳಿದವರೆಲ್ಲ ಉಳ್ಳವರ ಮಕ್ಕಳು ಎಂಬ ಒಂದು ವಾಕ್ಯ ಸಾಕು. ಅಂಥದೇ ಲೋಕದಲ್ಲಿ ಕೋಲ್ತಾರ್ಡ್ ಕ್ಲಬ್ಬಿನ ಸಂಬಳದ ನೌಕರ, ಬಾರ್ಟನ್ ಪದವೀಧರ ಬ್ಯಾರಿಸ್ಟರ್. ಜನರ ಸಿಟ್ಟು ಯಾರ ಮೇಲೆ ತಿರುಗಿತು ಎಂಬುದು ಓದುಗರಿಗೆ ಆಗ ತಾನಾಗಿ ತಿಳಿಯುತ್ತದೆ. ಕೋಲ್ತಾರ್ಡ್ 1883ರಲ್ಲಿ, 27ನೆಯ ವಯಸ್ಸಿನಲ್ಲಿ, ಕ್ಷಯದಿಂದ ತೀರಿಕೊಂಡರು. ಅವರಿಗೂ ಒಂದು ಪುಟ ಮೀಸಲಿಡಿ.

ಕರಡು ಮುಗಿದ ಮೇಲೆ ಇಬ್ಬರಿಗೆ ಓದಲು ಕೊಡಿ. ಒಬ್ಬರು ಕೋರ್ಟಿನಲ್ಲಿ ಕೆಲಸ ಮಾಡಿದವರಾಗಿರಲಿ. ಬ್ರೀಫ್, ಸನ್ನದು, ದಂಡ, ವೆಚ್ಚಗಳಲ್ಲಿ ಎಡವಿದ್ದರೆ ಅವರು ಹೇಳುತ್ತಾರೆ. ಇನ್ನೊಬ್ಬರು ಮೈದಾನದಲ್ಲಿ ಸ್ಕೋರ್ ಬರೆದು ಗೊತ್ತಿರುವವರಾಗಿರಲಿ. ಓವರ್, ಇನಿಂಗ್ಸ್, ಒಟ್ಟು ಮೊತ್ತಗಳನ್ನು ಅವರು ಕೂಡಿ ನೋಡುತ್ತಾರೆ. ಅಂದಿನ ಓವರ್‌ಗೆ ನಾಲ್ಕೇ ಎಸೆತ ಎಂಬುದನ್ನು ಕರಡಿನ ಜೊತೆ ಒಂದು ಚೀಟಿಯಲ್ಲಿ ಬರೆದುಕೊಡಿ, ಇಲ್ಲದಿದ್ದರೆ ಅವರು ನಿಮ್ಮ ಬೌಲಿಂಗ್ ಲೆಕ್ಕವನ್ನೆಲ್ಲ ಕೆಂಪು ಮಸಿಯಲ್ಲಿ ತಿದ್ದಿ ಕಳಿಸುತ್ತಾರೆ.